ಮೊದಲ ಕೊಯ್ಲಿನ ಹೂವು

ಆ ಮನೆಯಲ್ಲಿ ಔಷಧಿ ಎಂದರೆ ಬಾಟಲಿಯಲ್ಲಿ ಬರುವಂಥದ್ದು, ಇಲ್ಲವೇ ಬೆಳ್ಳಿ ಬಣ್ಣದ ಹಾಳೆಯೊಳಗೆ ಸಾಲಾಗಿ ಕೂತು ಬರುವಂಥದ್ದು. ಅಟ್ಟದ ತುಂಬ ಒಣಗುತ್ತಿದ್ದ ಹಳದಿಕಂಟಿಯ ಹೂವನ್ನು ಅಲ್ಲಿ ಯಾರೂ ಔಷಧಿ ಎಂದು ಕರೆದವರಲ್ಲ. ಕೊಳ್ಳಲು ಬಂದ ಗಿರಾಕಿಗಳು ಬೇಕಾದರೆ ಹಾಗೆ ಕರೆದುಕೊಳ್ಳಲಿ, ಅದು ಅವರ ಖುಷಿ. ಮನೆಯವರಿಗೆ ಅದು ಬರೀ ಹೂವು. ಕೊಯ್ಯುವುದು, ಒಣಗಿಸುವುದು, ಪೊಟ್ಟಣ ಕಟ್ಟಿ ಕೆಳಗಿನ ಅಂಗಡಿಯಲ್ಲಿ ಮಾರುವುದು, ಸಂಜೆಗೊಂದು ಲೋಟ ಕುದಿಸಿ ಕುಡಿಯುವುದು, ಇಷ್ಟೇ. ಬೇರೆ ಮನೆಗಳಲ್ಲಿ ಕುಡಿಯುವ ನೀರನ್ನು ಎಷ್ಟರ ಮಟ್ಟಿಗೆ ಲೆಕ್ಕಕ್ಕೆ ಇಡುತ್ತಾರೋ ಇಲ್ಲಿ ಹೂವನ್ನೂ ಅಷ್ಟೇ ಲೆಕ್ಕಕ್ಕೆ ಇಡುತ್ತಿದ್ದರು. ಆಮೇಲಿನ ಅನಾಹುತವೆಲ್ಲ ಇಲ್ಲಿಂದಲೇ ಶುರುವಾಗಿದ್ದು, ಅದಕ್ಕೇ ಮೊದಲೇ ಹೇಳಿಬಿಡುವುದು ವಾಸಿ.

ಹಳದಿಕಂಟಿ, ಮರ ಬೆಳೆಯಲಾರದಷ್ಟು ಎತ್ತರದಲ್ಲಿ ಬೆಳೆಯುವ ಗಿಡ. ಬೆಟ್ಟದ ದಾರಿಯಲ್ಲಿ ಕಾಡು ಮುಗಿದು, ಇನ್ನು ಹುಲ್ಲು ಮತ್ತು ಗಾಳಿ ಬಿಟ್ಟರೆ ಏನೂ ಇಲ್ಲ ಎನ್ನುವ ಜಾಗದಲ್ಲಿ ಅದು ಸೊಂಟದೆತ್ತರಕ್ಕೆ ಪೊದೆಪೊದೆಯಾಗಿ ನಿಂತಿರುತ್ತದೆ. ಐದೆಸಳಿನ ಹಳದಿ ಹೂವು, ನಡುವೆ ಕೂದಲಿನಂಥ ಕೇಸರಗಳ ಗುಂಪು. ಮೊಗ್ಗನ್ನು ಬೆರಳಲ್ಲಿ ಹಿಸುಕಿದರೆ ಮಾತ್ರ ಆ ಹಳದಿ ಎಲ್ಲಿ ಹೋಗುತ್ತದೋ, ಕಡುಗೆಂಪು ರಸ ಬರುತ್ತದೆ. ಎಷ್ಟು ಸೋಪು ಹಾಕಿ ತಿಕ್ಕಿದರೂ ಕಲೆ ಹೋಗುವುದಿಲ್ಲ. ಇಬ್ಬನಿ ಆರಿದ ಮೇಲೆ, ಬಿಸಿಲು ನೆತ್ತಿಗೆ ಬರುವುದಕ್ಕೆ ಮುಂಚೆ ಕೊಯ್ದು ಮುಗಿಸಬೇಕು. ವರ್ಷದ ಮೊದಲ ಕೊಯ್ಲನ್ನು ಮಾರುವಂತಿಲ್ಲ, ಅದು ಮನೆಗೇ. ಅದರಲ್ಲಿ ಕಸುವು ಜಾಸ್ತಿ ಎಂಬುದು ಅಮ್ಮನಿಗೆ ಅವಳ ಅತ್ತೆ ಹೇಳಿಕೊಟ್ಟ ಮಾತು.

ಅಮ್ಮನನ್ನು ಬೀದಿಯವರು ಹೂವಮ್ಮ ಎನ್ನುತ್ತಿದ್ದರು. ಬಡಪೆಟ್ಟಿಗೆ ಬಗ್ಗುವ ಹೆಂಗಸಲ್ಲ. ಗಂಡ ಹೋದ ಮೇಲೆ ಅದೇ ಅಂಗಡಿ, ಅದೇ ಅಟ್ಟ, ಅದೇ ಬೆಟ್ಟ ಹಿಡಿದು ಇಬ್ಬರು ಮಕ್ಕಳನ್ನು ದಡ ಮುಟ್ಟಿಸಿದವಳು. ದೊಡ್ಡವಳಿಗೆ ಮನೆಯಲ್ಲೂ ಬೀದಿಯಲ್ಲೂ ಅಕ್ಕ ಎಂದೇ ಹೆಸರು. ಅವಳಿಗಿಂತ ವಯಸ್ಸಾದವರೂ ಹಾಗೇ ಕರೆಯುತ್ತಿದ್ದರು, ಅವಳ ಮುಖವೇ ಹಾಗಿತ್ತು. ಚಿಕ್ಕವನು ಬೆಟ್ಟದ ದಾರಿಯ ಬಸ್ಸಿನ ಕಂಡಕ್ಟರು. ಬಾಯಿ ತೆರೆದನೆಂದರೆ ಬಸ್ಸಿಗೆ ಬಸ್ಸೇ ಹೊಟ್ಟೆ ಹಿಡಿದುಕೊಳ್ಳಬೇಕು. ಡ್ರೈವರು ಇಟ್ಟ ಅಡ್ಡಹೆಸರು ಪಟಾಕಿ. ಆ ಪಟಾಕಿಯ ಎರಡೂ ಕಿಡ್ನಿ ಕೈಕೊಟ್ಟವು. ಅಮ್ಮನದು ಆಗುವುದಿಲ್ಲ, ವಯಸ್ಸಾಯಿತು, ರಕ್ತದೊತ್ತಡ ಬೇರೆ ಎಂದರು ಡಾಕ್ಟರು. ಅಕ್ಕನದು ಹೊಂದಿತು, ಅಕ್ಕ ಕೊಟ್ಟಳು.

ಕೊಟ್ಟಳು ಎಂದರೆ ಏನೋ ಪಕ್ಕದ ಮನೆಗೆ ಸಕ್ಕರೆ ಕೊಟ್ಟಷ್ಟು ಸಲೀಸು ಎನ್ನಿಸಬಹುದು. ಸೂಜಿ ಕಂಡರೆ ಮುಖ ತಿರುಗಿಸುವ ಹೆಂಗಸು ಅವಳು. ಆಪರೇಷನ್ನಿನ ಹಿಂದಿನ ದಿನ ಆಸ್ಪತ್ರೆಯ ಬಚ್ಚಲಿನಲ್ಲಿ ನಲ್ಲಿ ಬಿಟ್ಟುಕೊಂಡು ಅತ್ತಿದ್ದಳು, ಸದ್ದು ಹೊರಗೆ ಕೇಳಬಾರದೆಂದು. ತಮ್ಮನ ಮುಂದೆ ಮಾತ್ರ, ಅಯ್ಯೋ ಎರಡಿದೆಯಲ್ಲೋ, ಒಂದು ನಿನಗಿರಲಿ ಎಂದಿದ್ದಳು. ಎಚ್ಚರವಾದ ಮೇಲೆ ಅವನು ಆಡಿದ ಮೊದಲ ಮಾತು, "ಅಕ್ಕನ ಕಿಡ್ನಿ ಒಳಗೆ ಕೂತ್ಕೊಂಡು ಆಗ್ಲೇ ಬೈಯೋಕೆ ಶುರು ಮಾಡಿದೆ, ಕಾಲು ಒರೆಸ್ಕೊಂಡು ಒಳಗೆ ಬಾ ಅಂತ." ಹೊಲಿಗೆ ಹಾಕಿದ ಹೊಟ್ಟೆ ಹಿಡಿದುಕೊಂಡು ಅಕ್ಕ ನಕ್ಕಳು. ನಕ್ಕಿದ್ದಕ್ಕೆ ಜೀವ ಹೋದಷ್ಟು ನೋವಾಯಿತು.

ಮನೆಗೆ ಕಳಿಸುವ ದಿನ ಆಸ್ಪತ್ರೆಯ ಔಷಧಿ ಕೌಂಟರಿನ ಹುಡುಗಿ ಅಕ್ಕನನ್ನು ಕೂರಿಸಿಕೊಂಡು ಒಂದೊಂದೇ ಮಾತ್ರೆಯನ್ನು ಮೇಜಿನ ಮೇಲಿಟ್ಟು ವಿವರಿಸಿದಳು. "ಇವರ ಮೈಗೆ ನಿಮ್ಮ ಕಿಡ್ನಿ ಅಂದ್ರೆ ಮನೆಗೆ ನುಗ್ಗಿದ ಕಳ್ಳ ಇದ್ದ ಹಾಗೆ. ಹೊಡೆದು ಓಡಿಸೋಕೆ ನೋಡುತ್ತೆ. ಈ ಮಾತ್ರೆ ಅದನ್ನ ತಡೆಯುತ್ತೆ. ಬದುಕಿರೋವರೆಗೂ ತಪ್ಪಿಸೋ ಹಾಗಿಲ್ಲ." ಆಮೇಲೆ ಕೇಳಿದಳು, "ಮನೇಲಿ ಬೇರೆ ಏನಾದ್ರೂ ತಗೋತಾರಾ? ಸೊಪ್ಪು, ಬೇರು, ನಾಟಿ ಔಷಧಿ?"

"ಇಲ್ಲಪ್ಪ," ಅಂದಳು ಅಕ್ಕ. "ನಾವು ಅಂಥದ್ದನ್ನೆಲ್ಲ ನಂಬೋರಲ್ಲ."

ಸುಳ್ಳು ಹೇಳಿದಳೇ? ಇಲ್ಲ. ಹಾಗೆ ಹೇಳುವಾಗ ಅವಳ ಮನಸ್ಸಿನಲ್ಲಿ ಹೂವಿನ ನೆನಪೇ ಇರಲಿಲ್ಲ. ಮೀನು ಹಿಡಿಯುವವನನ್ನು ನೀರು ಮುಟ್ಟುತ್ತೀಯಾ ಎಂದು ಕೇಳಿದರೆ ಅವನಾದರೂ ಏನು ಹೇಳಿಯಾನು?

ಮನೆಗೆ ಬಂದ ಪಟಾಕಿ ತಣ್ಣಗಾಗಿಬಿಟ್ಟ. ಮಾತ್ರೆಯಿಂದ ಮುಖ ಊದಿತ್ತು, ಕೈ ನಡುಗುತ್ತಿತ್ತು. ಬಸ್ಸಿನ ಕೆಲಸಕ್ಕೆ ಸದ್ಯಕ್ಕೆ ಬರಬೇಡ, ಜನಜಂಗುಳಿ ಬೇಡ ಎಂದಿದ್ದರು. ಅವನು ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಕೂತು ಬೀದಿಯನ್ನೇ ನೋಡುತ್ತಿದ್ದ. ಡ್ರೈವರು ನೋಡಲು ಬಂದು, ಏನೋ ಪಟಾಕಿ, ತೋಯ್ದು ಹೋಗಿದೀಯಲ್ಲೋ ಎಂದರೂ ತುಟಿ ಪಿಟಕ್ಕೆನ್ನಲಿಲ್ಲ. ಒಂದು ಬೆಳಿಗ್ಗೆ ಅಕ್ಕ ತಿಂಡಿ ತಂದಾಗ ಅವನು ಮೆಲ್ಲಗೆ, "ನನ್ನ ಬಿಟ್ಬಿಡಬೇಕಿತ್ತು ಕಣೆ ಅಕ್ಕ, ಸುಮ್ನೆ ನಿನ್ನದೂ ಒಂದು ಹಾಳು" ಅಂದ. ಬಾಗಿಲಲ್ಲಿ ನಿಂತಿದ್ದ ಅಮ್ಮನ ಕಿವಿಗೂ ಅದು ಬಿತ್ತು.

ಮಂಡಿ ನೋವಿನಿಂದ ಅಮ್ಮ ಬೆಟ್ಟ ಹತ್ತುವುದನ್ನು ಬಿಟ್ಟು ವರ್ಷಗಳಾಗಿದ್ದವು. ಕೊಯ್ಲಿಗೆ ಅಕ್ಕನೇ ಕೂಲಿಯವರನ್ನು ಕರೆದುಕೊಂಡು ಹೋಗುತ್ತಿದ್ದಳು. ಆ ವರ್ಷ ಅಕ್ಕನ ಹೊಲಿಗೆ ಇನ್ನೂ ಹಸಿ. ಅಮ್ಮ ಯಾರಿಗೂ ಹೇಳದೆ ಕೋಲು ಹಿಡಿದು ಹೊರಟಳು. ಸಂಜೆ ತಿರುಗಿ ಬಂದಾಗ ಬೆನ್ನಿಗೆ ಹೂವಿನ ಚೀಲ, ಒಂದು ಮಂಡಿ ಊದಿ ಕುಂಬಳಕಾಯಿ. ಅಂಗೈಯಿಂದ ಮೊಣಕೈವರೆಗೆ ಕೆಂಪು. ಹೊಸಿಲ ಮೇಲೆ ಕುಸಿದು ಕೂತು ಏದುಸಿರು ಬಿಡುತ್ತ ಹೇಳಿದಳು, "ಮೊದಲನೇ ಕೊಯ್ಲು. ಇದು ನನ್ನ ಮಗನಿಗೆ. ಇನ್ನು ಯಾರೂ ಮುಟ್ಟಬೇಡಿ. ಮನಸ್ಸಿನ ಮಬ್ಬು ಹೇಗೆ ಇಳಿಯಲ್ಲ ನೋಡ್ತೀನಿ."

ಅದು ಇಳಿಯಿತು. ಹೂವು ಹುಸಿಯಲ್ಲ. ಬೆಳಿಗ್ಗೆ ಒಂದು ಲೋಟ, ಸಂಜೆ ಒಂದು ಲೋಟ, ಗಟ್ಟಿಯಾಗಿ ಬತ್ತಿಸಿದ್ದು. ಕೆಲವು ವಾರ ಕಳೆದ ಮೇಲೆ ಪಟಾಕಿ ಕಿಟಕಿ ಬಿಟ್ಟು ಅಂಗಡಿಗೆ ಇಳಿದು ಬಂದ. ಆಮೇಲೆ ಗಿರಾಕಿಗಳನ್ನು ಕಾಡಿಸತೊಡಗಿದ. ಎದುರು ಅಂಗಡಿಯ ದರ್ಜಿಗೆ, ನಿಮ್ಮ ಅಳತೆ ಟೇಪು ನಿಮ್ಮ ಹೊಟ್ಟೆಗೇ ಸಾಲಲ್ಲವಲ್ಲ ಮಾಮ ಅಂದ ದಿನ ಅಮ್ಮ ಒಳಗೆ ಹೋಗಿ ಕಣ್ಣೊರೆಸಿಕೊಂಡಳು. "ನಿನ್ನ ಕಿಡ್ನಿ ಅರ್ಧ, ನನ್ನ ಹೂವು ಅರ್ಧ," ಎಂದು ಅಕ್ಕನ ಭುಜ ತಟ್ಟಿದಳು. ಅಕ್ಕನಿಗೂ ಹಾಗೇ ಅನ್ನಿಸಿತ್ತು. ಅಮ್ಮನಿಗೆ ಕೈ ಬಿಡುವಿಲ್ಲದಾಗ ಎಷ್ಟೋ ಸಲ ಲೋಟ ತುಂಬಿ ಅವನ ಕೈಗೆ ಕೊಟ್ಟವಳು ಅವಳೇ.

ಆಸ್ಪತ್ರೆಯಲ್ಲಿ ಮಾತ್ರ ಡಾಕ್ಟರು ಹುಬ್ಬು ಗಂಟಿಕ್ಕಿದರು. ರಕ್ತದಲ್ಲಿ ಮಾತ್ರೆಯ ಅಂಶ ಇರಬೇಕಾದಷ್ಟು ಇಲ್ಲ. ಪ್ರಮಾಣ ಏರಿಸಿದರು. ಮುಂದಿನ ಸಲ ಇನ್ನೂ ಇಳಿದಿತ್ತು. ಮತ್ತೆ ಏರಿಸಿದರು, ಅದು ಮತ್ತೆ ಇಳಿಯಿತು. ಕಿಡ್ನಿ ಸೊರಗತೊಡಗಿದೆ ಎಂದರು. ಡಾಕ್ಟರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟು ಪಟಾಕಿಗೆ ಹೇಳಿದರು, "ನೋಡಪ್ಪ, ನುಂಗಿದ ಮಾತ್ರೆ ಗಾಳೀಲಿ ಕರಗಿ ಹೋಗಲ್ಲ. ನೀನು ತಗೋತಾ ಇಲ್ಲ. ನಿನ್ನ ಅಕ್ಕನ ಮುಖ ನೋಡಿಯಾದ್ರೂ ತಗೋ."

"ತಗೋತಾ ಇದೀನಿ ಸಾರ್," ಅಂದ ಅವನು. ಕೋಣೆಯಲ್ಲಿ ಯಾರೂ ಅದನ್ನು ನಂಬಲಿಲ್ಲ, ಅಕ್ಕನೂ ನಂಬಲಿಲ್ಲ.

ಅವತ್ತಿನಿಂದ ಅವಳು ಪೊಲೀಸಿನವಳಾದಳು. ಮಾತ್ರೆ ನುಂಗುವಾಗ ಎದುರಿಗೇ ನಿಲ್ಲುವುದು, ಬಾಯಿ ತೆಗೆ, ನಾಲಿಗೆ ಎತ್ತು ಎನ್ನುವುದು. ಮೊದಮೊದಲು ಅವನು, ಟಿಕೆಟ್ ಚೆಕ್ಕಿಂಗ್ ಬಂದ್ರು ಎಂದು ನಗಿಸಿದ. ಅಷ್ಟಾದರೂ ಮುಂದಿನ ಪರೀಕ್ಷೆಯಲ್ಲಿ ಮಟ್ಟ ಇಳಿದೇ ಇತ್ತು. ಬಸ್ಸಿಳಿದು ಮನೆಯ ಬೀದಿಗೆ ತಿರುಗುವಾಗ ಅಕ್ಕನ ತಾಳ್ಮೆಯ ಕಟ್ಟೆ ಒಡೆಯಿತು. ಬೇಕರಿಯ ಮುಂದೆ ನಿಂತು ಕೂಗಿಬಿಟ್ಟಳು, "ನಾನಿದ್ದಾಗ ನುಂಗಿ ಆಮೇಲೆ ಹೋಗಿ ವಾಂತಿ ಮಾಡ್ತೀಯಾ? ಬೇಡವಾಗಿದ್ರೆ ಮೊದಲೇ ಹೇಳಬೇಕಿತ್ತು ಕಣೋ. ನನ್ನ ಹೊಟ್ಟೆ ಕೊಯ್ಸಿ ತೆಗೆಸಿಕೊಂಡು ಚರಂಡಿಗೆ ಎಸೀತಿದೀಯಲ್ಲ, ನಿನಗೆ ಕರುಳಿಲ್ವಾ?"

ಬೇಕರಿಯ ಒಳಗಿನವರು ಕತ್ತು ಉದ್ದ ಮಾಡಿ ನೋಡಿದರು. ಪಟಾಕಿ ತಲೆ ತಗ್ಗಿಸಿದ. ಮನೆಗೆ ಬಂದವನೇ ಕುರ್ಚಿಯಲ್ಲಿ ಕೂತು ಬೀದಿ ಕಡೆ ಮುಖ ಮಾಡಿದ. ಅಮ್ಮ ಗಾಬರಿಯಾಗಿ ಕಷಾಯಕ್ಕೆ ಇನ್ನೊಂದು ಹಿಡಿ ಹೂವು ಸೇರಿಸಿದಳು.

ಅದಾದ ಸ್ವಲ್ಪ ದಿನಕ್ಕೆ ಅವನಿಗೆ ಜ್ವರ ಬಂತು, ಕಾಲು ಬಾತವು, ಮೂತ್ರ ಕಡಿಮೆಯಾಯಿತು. ಆಸ್ಪತ್ರೆಗೆ ಸೇರಿಸಿಕೊಂಡರು. ಅಕ್ಕ ಔಷಧಿ ತರಲು ಕೌಂಟರಿಗೆ ಹೋದಳು. ಅದೇ ಹುಡುಗಿ. ಅಕ್ಕ ಕಿಂಡಿಯೊಳಗೆ ಕೈ ಚಾಚಿದಾಗ ಹುಡುಗಿ ಔಷಧಿ ಕೊಡದೆ ಆ ಕೈಯನ್ನೇ ನೋಡಿದಳು.

"ಕೈಗೇನಾಗಿದೆ ನಿಮಗೆ? ಗಾಯನಾ?"

"ಅಯ್ಯೋ ಇಲ್ಲ, ಹೂವಿನ ಕಲೆ. ಈಗ ಕೊಯ್ಲಿನ ಕಾಲ ಅಲ್ವಾ. ಬೆಟ್ಟದ ಮೇಲಿನ ಹಳದಿ ಹೂವು. ನಮ್ಮ ಮನೆ ಕಸುಬೇ ಅದು."

"ಹಳದಿ ಹೂವಲ್ಲಿ ಕೆಂಪು ಬರುತ್ತಾ?" ಹುಡುಗಿ ಎದ್ದು ನಿಂತಳು. "ಎಲೆ ಬೆಳಕಿಗೆ ಹಿಡಿದ್ರೆ ಸೂಜಿ ಚುಚ್ಚಿದ ಹಾಗೆ ಚುಕ್ಕಿ ಚುಕ್ಕಿ ಕಾಣುತ್ತಾ?"

"ಕಾಣುತ್ತೆ. ನಿಮಗೆ ಹೇಗೆ ಗೊತ್ತು?"

"ನಿಮ್ಮ ತಮ್ಮ ಅದನ್ನ ಕುಡೀತಾರಾ?"

ಅಕ್ಕನಿಗೆ ಇನ್ನೂ ಏನೂ ಹೊಳೆದಿರಲಿಲ್ಲ. "ನಾವೆಲ್ಲರೂ ಕುಡೀತೀವಿ. ಅವನಿಗೆ ಅಮ್ಮ ದಿನಾ ಎರಡು ಹೊತ್ತು ಕೊಡ್ತಾಳೆ. ಅದರಿಂದಲೇ ಅವನು ಒಂಚೂರು..." ಎನ್ನುವಷ್ಟರಲ್ಲಿ ಹುಡುಗಿಯ ಮುಖ ನೋಡಿದಳು.

ಹುಡುಗಿ ಕಿಂಡಿ ಬಿಟ್ಟು ಹೊರಗೆ ಬಂದು ಅವಳನ್ನು ಬೆಂಚಿನ ಮೇಲೆ ಕೂರಿಸಿದಳು. ಆ ಜಾತಿಯ ಹೂವು ಲಿವರನ್ನು ಕೆಣಕಿ ಎಬ್ಬಿಸಿಬಿಡುತ್ತದೆ, ಮಾತ್ರೆ ರಕ್ತಕ್ಕೆ ಸೇರಿ ಕೆಲಸ ಮಾಡುವ ಮುಂಚೆಯೇ ಲಿವರು ಅದನ್ನು ಅರೆದು ಹೊರಗೆ ಹಾಕುತ್ತದೆ, ಎಷ್ಟು ಮಾತ್ರೆ ನುಂಗಿದರೂ ಹೊಳೆಯಲ್ಲಿ ಹುಣಸೆಹಣ್ಣು ಕಿವುಚಿದ ಹಾಗೆ ಎಂದು ಬಿಡಿಸಿ ಹೇಳಿದಳು. ಕೊನೆಗೆ, "ನಾನು ಅವತ್ತು ಕೇಳಿದ್ನಲ್ಲ," ಅಂದಳು. ಬೈಯಲಿಲ್ಲ. ಬೈದಿದ್ದರೆ ಅಕ್ಕನಿಗೆ ಸ್ವಲ್ಪ ಹಗುರವಾಗುತ್ತಿತ್ತು.

ಆಮೇಲೆ ದೊಡ್ಡ ದೊಡ್ಡ ಔಷಧಿಗಳನ್ನೆಲ್ಲ ನರಕ್ಕೆ ಹಾಕಿ ನೋಡಿದರು. ಕಷಾಯ ನಿಂತಿತು. ಡಾಕ್ಟರು ಬಂದು ಪಟಾಕಿಯ ಕೈ ಹಿಡಿದು, ನಿನ್ನ ಮೇಲೆ ಅನುಮಾನ ಪಟ್ಟೆನಪ್ಪ ಎಂದರು. ಅಕ್ಕ ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಮೂತ್ರದ ಚೀಲ ಕಾಯುತ್ತ ಕೂತಳು. ಅದರಲ್ಲಿ ಒಂದು ತೊಟ್ಟು ಹೆಚ್ಚಿದ ಹಾಗೆ ಕಂಡರೂ ನರ್ಸನ್ನು ಕರೆಯುವಳು. ನರ್ಸು ಬಗ್ಗಿ ನೋಡಿ, ಅಷ್ಟೇ ಇದೆ ಅಕ್ಕ ಎನ್ನುವಳು. ಹಾಗೇ ದಿನಗಳು ಉರುಳಿ, ಒಂದು ಮಧ್ಯಾಹ್ನ ಚೀಲ ಬರಿದಾಗಿಯೇ ಉಳಿಯಿತು. ಅಕ್ಕನ ಕಿಡ್ನಿ ಸತ್ತಿತ್ತು. ಇನ್ನು ವಾರಕ್ಕೆ ಮೂರು ಸಲ ರಕ್ತ ತೊಳೆಯುವ ಯಂತ್ರ, ಬೇರೆ ಕಿಡ್ನಿ ಸಿಗುವವರೆಗೆ. ಸಿಗುತ್ತದೆಯೇ ಎಂದು ಕೇಳಿದ್ದಕ್ಕೆ ಡಾಕ್ಟರು, ಸಾಲಿನಲ್ಲಿ ತುಂಬಾ ಜನ ಇದಾರಮ್ಮ ಎಂದಷ್ಟೇ ಹೇಳಿ ಹೊರಗೆ ಹೋದರು.

ಮೊದಲ ಸಲ ಯಂತ್ರಕ್ಕೆ ಹಾಕಿದ ದಿನ ಅಕ್ಕ ಅವನ ಹಾಸಿಗೆಯ ಪಕ್ಕ ಕೂತಳು. ಕೊಳವೆಗಳಲ್ಲಿ ಅವನ ರಕ್ತ ಹೊರಗೆ ಹೋಗಿ ತಿರುಗಿ ಬರುತ್ತಿತ್ತು. ಬೇಕರಿಯ ಮುಂದೆ ಹಾಗೆ ಕೂಗಿದ್ದಕ್ಕೆ ಕ್ಷಮಿಸು ಎಂದಳು.

"ಅದೊಂದು ಮಾತ್ರ ಚುಚ್ತು ಕಣೆ," ಅಂದ. "ಬಾಕಿ ಎಲ್ಲ ನಡೆಯುತ್ತೆ ಬಿಡು. ಅಮ್ಮನಿಗೆ ಹೇಳಿದೀಯಾ?"

"ಇಲ್ಲ. ಇವತ್ತು ಹೇಳ್ತೀನಿ." ಅವಳಿಗೆ ಸಿಟ್ಟು ಬಂದಿತ್ತು. ಅಮ್ಮನ ಮೇಲೆ, ಹೂವಿನ ಮೇಲೆ, ಅದಕ್ಕಿಂತ ಹೆಚ್ಚಾಗಿ ಕೌಂಟರಿನಲ್ಲಿ ಇಲ್ಲಪ್ಪ ಎಂದ ತನ್ನ ಬಾಯಿಯ ಮೇಲೆ. ಅಷ್ಟೂ ಸಿಟ್ಟನ್ನು ತೆಗೆದುಕೊಂಡು ಹೋಗಿ ಅಮ್ಮನ ಮೇಲೆ ಸುರಿದುಬಿಡಬೇಕು, ಅವಳಿಗೂ ನೋಯಬೇಕು ಎಂದು ಅನ್ನಿಸುತ್ತಿತ್ತು. "ಅವಳಿಗೆ ಗೊತ್ತಾಗ್ಬೇಕು. ನನ್ನೊಳಗಿಂದ ತೆಗೆದಿದ್ದು ಕಣೋ ಅದು. ಯಾರು ಏನು ಮಾಡಿದ್ರು ಅಂತ ಗೊತ್ತಾಗ್ಬೇಕೋ ಬೇಡ್ವೋ?"

"ಆ ಮಂಡಿ ಇಟ್ಕೊಂಡು ಬೆಟ್ಟ ಹತ್ತಿದಾಳೆ."

"ಗೊತ್ತು."

"ಹೇಳಿದ್ರೆ ಬದುಕಲ್ಲ ಅವಳು. ನಾನು ಹೋದ್ರೂ ತಡ್ಕೋತಾಳೆ, ಇದನ್ನ ತಡ್ಕೊಳ್ಳಲ್ಲ." ಅವನು ಅವಳ ಕಡೆ ತಿರುಗಿದ. ಊದಿದ ಮುಖದಲ್ಲಿ ಹಳೇ ಕಂಡಕ್ಟರನ ನಗು ಒಂದು ಚೂರು ಕಂಡಿತು. "ಅಕ್ಕ, ನನಗೆ ಇನ್ನೊಂದು ಕೊಡ್ತೀಯಾ?"

"ಇನ್ನೇನಿದೆಯೋ ನನ್ನ ಹತ್ರ ಕೊಡೋಕೆ?"

"ಬಾಯಿ. ಮುಚ್ಕೊಂಡಿರು. ಅಷ್ಟು ಸಾಕು."

ಅಕ್ಕ ಎದ್ದು ಮನೆಗೆ ಹೋದಳು. ಅಮ್ಮ ಅಟ್ಟದ ಏಣಿಯ ಬುಡದಲ್ಲಿ ಮಂಡಿ ಚಾಚಿಕೊಂಡು ಕೂತು ಹೂವಿನಲ್ಲಿ ಕಡ್ಡಿ ಆರಿಸುತ್ತಿದ್ದಳು. ಕತ್ತೆತ್ತಿ, ಮಗು ಊಟ ಮಾಡಿದನಾ ಎಂದು ಕೇಳಿದಳು. ಅಕ್ಕ ಕೈಚೀಲವನ್ನು ಮೊಳೆಗೆ ನೇತುಹಾಕಿದಳು. ಮಾಡಿದ ಎಂದಳು. ಆ ಕ್ಷಣ ದಾಟಿದ ಮೇಲೆ ಇನ್ನು ಹೇಳುವುದು ಆಗುವುದಿಲ್ಲ ಎಂದು ಅವಳಿಗೆ ಗೊತ್ತಾಗಿಹೋಯಿತು.

ಪಟಾಕಿ ಮನೆಗೆ ಬಂದ. ಯಂತ್ರದ ಮೇಲಿರುವವರು ನೀರನ್ನೂ ಅಳತೆಯಲ್ಲಿ ಕುಡಿಯಬೇಕು, ಕಷಾಯ ಕೂಡದು ಎಂದು ಅಕ್ಕ ಅಮ್ಮನಿಗೆ ಹೇಳಿದಳು. ಅದಂತೂ ನಿಜವೇ ಆಗಿತ್ತು. ಅಂಗಡಿಯಲ್ಲಿ ಪೊಟ್ಟಣ ಕೊಡುವ ಮುಂಚೆ ಪ್ರತಿಯೊಬ್ಬರನ್ನೂ, ನೀವು ಮಾತ್ರೆ ಏನಾದರೂ ತಗೋತಿದೀರಾ, ತಗೋತಿದ್ದರೆ ಡಾಕ್ಟರನ್ನು ಕೇಳದೆ ಇದನ್ನು ಮುಟ್ಟಬೇಡಿ ಎನ್ನತೊಡಗಿದಳು. ಎಷ್ಟೋ ಜನ ಹಾಗೇ ಹಿಂದಿರುಗಿದರು. ಬಂದವರನ್ನೆಲ್ಲ ಓಡಿಸ್ತೀಯಲ್ಲೇ, ನಿನಗೇನು ತಲೆ ಕೆಟ್ಟಿದೆಯಾ ಎಂದು ಅಮ್ಮ ರೇಗಿದಳು. ಆಸ್ಪತ್ರೆಯಲ್ಲಿ ಹಾಗೆ ಹೇಳಬೇಕು ಅಂದಿದ್ದಾರೆ ಎಂದು ಅಕ್ಕ ಮಾತು ಹಾರಿಸಿದಳು.

ಆದರೆ ಅಮ್ಮನ ತಲೆಯಲ್ಲೂ ಒಂದು ಲೆಕ್ಕ ಓಡುತ್ತಿತ್ತು. ಮಗ ಹೂವು ಕುಡಿಯುತ್ತಿದ್ದಷ್ಟು ದಿನ ನಗುನಗುತ್ತ ಇದ್ದ. ಆಸ್ಪತ್ರೆಯವರು ನಿಲ್ಲಿಸಿದರು, ಕಿಡ್ನಿ ನಿಂತಿತು. ಹಾಗಾದರೆ ಕೆಟ್ಟದ್ದು ಯಾವುದು? ಹೂವಂತೂ ಅಲ್ಲ.

ಒಂದು ಬೆಳಿಗ್ಗೆ ಅಂಗಡಿಯಲ್ಲಿ ಮೂವರೂ ಇದ್ದರು. ಪಟಾಕಿ ಯಂತ್ರದಿಂದ ಬಂದ ಮಾರನೆಯ ದಿನ, ಬೆಂಚಿನ ಮೇಲೆ ಗೋಡೆಗೊರಗಿ ಕೂತಿದ್ದ. ಎದುರು ಅಂಗಡಿಯ ದರ್ಜಿ ಬಂದು ನಿಂತು, ಅಲ್ಲ ಹೂವಮ್ಮ, ಅಷ್ಟು ಚೆನ್ನಾಗಿ ಕೂತಿದ್ದ ಕಿಡ್ನಿ ಯಾಕೆ ಹೀಗಾಯ್ತು ಎಂದು ಕೇಳಿದ. ಅಮ್ಮ ತಕ್ಕಡಿಯ ತಟ್ಟೆ ಒರೆಸಿದಳು. ಅವನು ಹೋದ ಮೇಲೆ ತಕ್ಕಡಿಯನ್ನು ಬದಿಗೆ ಸರಿಸಿ, ಕೌಂಟರಿನ ಹಿಂದೆ ಪೊಟ್ಟಣ ಕಟ್ಟುತ್ತಿದ್ದ ಅಕ್ಕನ ಪಕ್ಕ ಬಂದು ನಿಂತಳು. ಅವಳ ಧ್ವನಿ ಎಂದೂ ಇಲ್ಲದಷ್ಟು ಮೆತ್ತಗಿತ್ತು.

"ನೀನು ಮನಸ್ಸಿಗೆ ಹಚ್ಕೋಬೇಡ ಮಗಳೇ," ಅಂದಳು. "ಆಸ್ಪತ್ರೆಯಿಂದ ಬಂದಾಗಿಂದ ನೋಡ್ತಿದೀನಿ, ಸರಿಯಾಗಿ ಊಟ ಇಲ್ಲ, ನಿದ್ದೆ ಇಲ್ಲ, ನನ್ನ ಮುಖ ನೋಡಿ ಮಾತಾಡಲ್ಲ. ನನಗೆ ಗೊತ್ತಾಗುತ್ತೆ. ನಿನ್ನದು ಹುಟ್ಟಿದಾಗಿಂದಲೇ ಸೊರಗಿದ ಮೈ. ಅವನದು ಗಂಡಸಿನ ಮೈ, ನಿನ್ನ ಕಿಡ್ನಿ ಅದನ್ನ ತಡ್ಕೊಳ್ಲಿಲ್ಲ. ಅದಕ್ಕೆ ನೀನೇನು ಮಾಡ್ತೀಯಾ? ಬೇಕು ಅಂತ ಕೆಟ್ಟದ್ದು ಕೊಟ್ಯಾ? ನಾನಂತೂ ಹೊಟ್ಟೆಗೆ ಹಾಕ್ಕೊಂಡಿದೀನಿ. ನೀನೂ ಬಿಟ್ಟುಬಿಡು."

ಪಟಾಕಿ ಬೆಂಚಿನಿಂದ ಅರ್ಧ ಎದ್ದ. ತಾನು ಏನು ಕೇಳಿ ಪಡೆದಿದ್ದೇನೆ ಎಂಬುದು ಅವನಿಗೆ ಅರ್ಥವಾಗಿದ್ದು ಆಗಲೇ.

"ಅಮ್ಮ, ಅದು ಹಾಗಲ್ಲ, ಅಕ್ಕ..."

"ಕೂತ್ಕೊಳೋ," ಅಂದಳು ಅಕ್ಕ. ಅವನು ಇನ್ನೂ ನಿಂತೇ ಇದ್ದ. ಅಕ್ಕ ಕೈಯಲ್ಲಿದ್ದ ಪೊಟ್ಟಣದ ಬಾಯನ್ನು ಮಡಚಿ ದಾರ ಸುತ್ತಿ ಗಂಟು ಹಾಕಿದಳು. ಆಮೇಲೆ ಅಮ್ಮನ ಮುಖವನ್ನೇ ನೋಡಿ ಹೇಳಿದಳು, "ಹೂಂ ಅಮ್ಮ. ನನ್ನದೇ ಗಟ್ಟಿ ಇರ್ಲಿಲ್ಲ."

"ಅಷ್ಟೇ ಬಿಡು," ಎಂದು ಅಮ್ಮ ಅವಳ ತಲೆ ಸವರಿದಳು.